ಕಲ್ಲಂಟಿಸಿದ ಮುಡಿ

ನನಗೆ ಕಾಯುವುದಕ್ಕೆ ಬರುವುದಿಲ್ಲ. ಬಸ್ಸು ತಡವಾದರೆ ನಿಲ್ದಾಣದಲ್ಲಿ ಕೂರಲಾರದೆ ಮುಂದಿನ ಊರಿನ ದಿಕ್ಕಿಗೆ ನಡೆಯಲು ಶುರು ಮಾಡುತ್ತೇನೆ. ಹಾಲು ಕಾಯುವ ತನಕ ಒಲೆಯ ಮುಂದೆ ನಿಲ್ಲಲಾರದೆ ಆಚೆ ಬಂದು, ಉಕ್ಕಿದ ವಾಸನೆಗೆ ಮತ್ತೆ ಒಳಗೆ ಓಡುತ್ತೇನೆ. ಹೊಲಿಯುವಾಗ ನೂಲು ಸಿಕ್ಕಾದರೆ ಬಿಡಿಸುತ್ತ ಕೂರುವ ಪೈಕಿ ಅಲ್ಲ. ಕಚಕ್ಕನೆ ಕತ್ತರಿಸಿ ಹೊಸದಾಗಿ ಪೋಣಿಸಿಕೊಳ್ಳುತ್ತೇನೆ. ಇದನ್ನೆಲ್ಲ ನೋಡಿ ನೋಡಿ ನಮ್ಮತ್ತೆ, "ನಿನ್ ಕಾಲ್ಗೆ ಚಕ್ರ ಕಟ್ಟಿ ಕಳ್ಸವ್ರೆ ಕಣಮ್ಮಿ ನಿಮ್ಮಪ್ಪನ ಮನೇರು" ಎನ್ನುತ್ತಾರೆ. ಅಂಥ ನನ್ನನ್ನು ಒಂದು ಮಧ್ಯಾಹ್ನ ಪೂರ್ತಿ ಒಂದೇ ಕಡೆ ಕೂರಿಸಿದ್ದು ನನ್ನ ಮಗಳ ತಲೆಗೂದಲು.

ಭೇರ್ಯದಿಂದ ಸ್ವಲ್ಪ ಒಳಗಿರುವ ಊರು ನನ್ನ ಗಂಡನ ಮನೆ. ನಾಲೆ ನೀರಿನ ಗದ್ದೆ ಒಂದಿಷ್ಟು, ಮಳೆ ನಂಬಿದ ಹೊಲ ಒಂದಿಷ್ಟು. ಗದ್ದೆ ಹೊಲ ಮಾವನ ಸುಪರ್ದಿ, ಕೊಟ್ಟಿಗೆ ಅಡಿಗೆಮನೆ ಅತ್ತೆಯ ಸುಪರ್ದಿ, ಬೀದಿ ಕಡೆಯ ಮುಂಕೋಣೆ ನನ್ನದು. ಅಲ್ಲಿ ನನ್ನ ಹೊಲಿಗೆ ಮಿಷನ್ನು, ಕತ್ತರಿಸುವ ಮೇಜು, ಗೋಡೆಗೆ ನೇತುಹಾಕಿದ ಬ್ಲೌಸುಗಳು. ಗಂಡ ಬೋರ್‌ವೆಲ್ ಮೋಟರು ರಿಪೇರಿಯವನು. ಕೆಲಸವೆಲ್ಲ ಎಚ್.ಡಿ. ಕೋಟೆ ಕಡೆ, ವಾರದಲ್ಲಿ ಮನೆಯಲ್ಲಿ ಇರುವುದಕ್ಕಿಂತ ಬೇರೆಯವರ ತೋಟದ ಪಂಪ್‌ಹೌಸಿನಲ್ಲಿ ಇರುವುದೇ ಹೆಚ್ಚು.

ಈಗ ಮದುವೆ ಹೆಣ್ಣಿನ ಬ್ಲೌಸು ಅಂದರೆ ಬರೀ ಹೊಲಿದುಕೊಟ್ಟರೆ ಆಗುವುದಿಲ್ಲ. ಬೆನ್ನಿಗೆ, ತೋಳಿಗೆ ಕಲ್ಲು ಇರಬೇಕು. ಕಲ್ಲು ಅಂದರೆ ಗಾಜಿನ ಹರಳು. ಕೆಂಪು, ಹಸಿರು, ಮುತ್ತಿನ ಬಣ್ಣ. ಅವನ್ನು ಅಂಟಿಸಲು ಸೂಜಿ ಮೂತಿಯ ಟ್ಯೂಬಿನಲ್ಲಿ ಒಂದು ಗಮ್ಮು ಬರುತ್ತದೆ. ಹಸಿಯಿದ್ದಾಗ ಜೇನಿನ ಹಾಗೆ ನೂಲು ನೂಲಾಗಿ ಎಳೆಯುತ್ತದೆ, ಒಣಗಿದರೆ ರಬ್ಬರಿನ ಹಾಗೆ ಬಿಗಿಯುತ್ತದೆ. ಬಟ್ಟೆ ಹರಿದರೂ ಕಲ್ಲು ಬೀಳುವುದಿಲ್ಲ ಎಂದು ಗಿರಾಕಿಗಳಿಗೆ ನಾನೇ ಜಂಬದಿಂದ ಹೇಳುತ್ತಿದ್ದೆ. ಆ ಮಾತು ಸುಳ್ಳಲ್ಲ ಎಂದು ಆವತ್ತು ನನಗೇ ಸಾಬೀತಾಯಿತು.

ಆವತ್ತು ಪಿರಿಯಾಪಟ್ಟಣದ ಒಂದು ಹುಡುಗಿಯ ಬ್ಲೌಸು ಮುಗಿಸುವ ಆತುರದಲ್ಲಿದ್ದೆ. ಮಾರನೆಯ ದಿನ ಅವಳ ಅಣ್ಣ ಬಂದು ತೆಗೆದುಕೊಂಡು ಹೋಗುವುದಿತ್ತು. ಲೈನಿಂಗ್ ಬಟ್ಟೆ ಸಾಲದೆ ಬೆಳಿಗ್ಗೆಯೇ ಕೆ.ಆರ್. ನಗರಕ್ಕೆ ಹೋದೆ. ಮಗಳನ್ನು ಅಜ್ಜಿಯ ಹತ್ತಿರ ಬಿಟ್ಟಿದ್ದೆ. ವಾಪಸು ಬಂದಾಗ ಅತ್ತೆ ಹಿತ್ತಲಲ್ಲಿ ಅವರೆಕಾಯಿ ಬಿಡಿಸುತ್ತಿದ್ದರು. ಮಗಳು ಮುಂಕೋಣೆಯಲ್ಲಿ, ಮಿಷನ್ನಿನ ಪಕ್ಕದ ಚಾಪೆಯ ಮೇಲೆ ಬೋರಲು ಮಲಗಿ ನಿದ್ದೆ ಹೋಗಿದ್ದಳು. ಕಿಟಕಿಯ ಬಿಸಿಲು ಅವಳ ತಲೆಯ ಮೇಲೆ ಬಿದ್ದಿತ್ತು. ತಲೆ ಪಳಪಳ ಎನ್ನುತ್ತಿತ್ತು.

ಹತ್ತಿರ ಹೋಗಿ ಕೈಯಿಟ್ಟೆ. ಒಣಗಿದ ಬೆರಣಿಗೆ ಕೈಯಿಟ್ಟ ಹಾಗಾಯಿತು. ನೆತ್ತಿಯ ಹಿಂದಿನಿಂದ ಕತ್ತಿನ ತನಕ ಕೂದಲು ಒಂದೇ ಹಲಗೆಯಾಗಿ ಅಂಟಿಕೊಂಡಿತ್ತು; ಕೆಳಗೆ ಸೊಂಟದ ತುದಿಯ ತನಕವೂ ಅಲ್ಲಲ್ಲಿ ಗಮ್ಮು ಕಟ್ಟಿತ್ತು. ಅದರ ತುಂಬ ಪಿರಿಯಾಪಟ್ಟಣದ ಹುಡುಗಿಯ ಹಸಿರು ಕಲ್ಲುಗಳು, ಒಂದರ ಪಕ್ಕ ಒಂದು. ಅವಳ ಕೈಗೆ ಎಟುಕದ ಜಾಗದಲ್ಲಿ ಗಮ್ಮು ಸುಮ್ಮನೆ ಸುರಿದು ಹರಿದಿತ್ತು. ಗಮ್ಮಿನ ಟ್ಯೂಬು ಗಾಡಿ ಹತ್ತಿದ ಬೆಂಡೆಕಾಯಿಯ ಹಾಗೆ ಚಪ್ಪಟೆಯಾಗಿ ಮೇಜಿನ ಕಾಲಿನ ಹತ್ತಿರ ಬಿದ್ದಿತ್ತು.

ನನ್ನ ಕೈ ಎಲ್ಲಿಗೆ ಹೋಯಿತು ಎಂದು ಹೇಳಬೇಕಾಗಿಲ್ಲ. ಮೇಜಿನ ಮೇಲಿನ ಕತ್ತರಿ ಹಿಡಿದು ಅವಳ ಪಕ್ಕ ಮಂಡಿಯೂರಿದೆ. ಅಷ್ಟರಲ್ಲಿ ಅತ್ತೆ ಬಾಗಿಲಲ್ಲಿ ನಿಂತಿದ್ದರು. ನಮ್ಮತ್ತೆ ಸಣ್ಣ ವಿಷಯಕ್ಕೆಲ್ಲ ಊರು ಕೇಳುವ ಹಾಗೆ ಕೂಗುವವರು. ಆವತ್ತು ಕೂಗಲಿಲ್ಲ.

"ಕತ್ರಿ ಕೆಳಗಿಕ್ಕು," ಎಂದರು. "ಮುಡಿ ಕೊಡಗಂಟ ಆ ತಲೆಗೆ ಕಬ್ಬಿಣ ಸೋಕ್‌ಬಾರ್ದು ಅಂತ ಗೊತ್ತಲ್ವಾ ನಿಂಗೆ?"

ಗೊತ್ತಿತ್ತು. ನನ್ನ ಮಗಳು ದಿನ ತುಂಬುವ ಮೊದಲೇ ಹುಟ್ಟಿದವಳು. ಹುಟ್ಟಿದ ಕೂಡಲೇ ಉಸಿರಿಗೆ ತೊಂದರೆಯಾಗಿ ಮೈಸೂರಿನ ಆಸ್ಪತ್ರೆಯಲ್ಲಿ ಗಾಜಿನ ಪೆಟ್ಟಿಗೆಯೊಳಗೆ ಇಟ್ಟಿದ್ದರು. ನಾನು ಹಾಸಿಗೆಯಿಂದ ಏಳುವ ಸ್ಥಿತಿಯಲ್ಲಿ ಇರಲಿಲ್ಲ. ಅತ್ತೆ ಆ ಗಾಜಿನ ಆಚೆ ಕಡೆ ನಿಂತು, ಈ ಕೂಸು ಉಳಿದರೆ ಐದನೇ ವರ್ಷಕ್ಕೆ ಬೆಟ್ಟಕ್ಕೆ ಬಂದು ಅವಳ ಹುಟ್ಟುಗೂದಲನ್ನೇ ಕೊಡುತ್ತೇನೆ ಎಂದು ಮಾದಪ್ಪನಿಗೆ ಹರಕೆ ಹೊತ್ತರು. ಕೂಸು ಉಳಿಯಿತು. ಅಲ್ಲಿಂದ ಮುಂದೆ ಅವಳ ತಲೆಗೆ ಕತ್ತರಿ ಮುಟ್ಟಿಲ್ಲ. ಕ್ಲಿಪ್ಪು ಕೂಡ ಪ್ಲಾಸ್ಟಿಕ್ಕಿನದೇ ಆಗಬೇಕು. ತಂತಿಯ ಪಿನ್ನು ಕಂಡರೆ ಅತ್ತೆ ಬೀದಿಗೆ ಎಸೆಯುತ್ತಿದ್ದರು. ಕೂದಲು ಸೊಂಟಕ್ಕೆ ಬಂದಿತ್ತು. ಅದನ್ನು ಬಾಚುವುದು, ಹೇನು ತೆಗೆಯುವುದು, ಬೇಸಿಗೆಯಲ್ಲಿ ಬೆವರುಗುಳ್ಳೆಗೆ ಪುಡಿ ಹಾಕುವುದು ನನ್ನ ಪಾಲಿನ ಕೆಲಸ. ಗೊಣಗುತ್ತಲೇ ಮಾಡುತ್ತಿದ್ದೆ. ನನಗೆ ಹರಕೆಯಲ್ಲಿ ನಂಬಿಕೆ ಅಷ್ಟಕ್ಕಷ್ಟೆ. ಆದರೆ ಆ ಗಾಜಿನ ಪೆಟ್ಟಿಗೆ ನೆನಪಾಗಿ ಹರಕೆಗೆ ಎದುರು ಮಾತಾಡುವ ಧೈರ್ಯ ನನಗೆ ಬಂದದ್ದೇ ಇಲ್ಲ.

ಬೆಟ್ಟಕ್ಕೆ ಹೊರಡುವುದು ಆ ವಾರದ ಕೊನೆಗೇ. ಹೊಸ ಅಗ್ರಹಾರದಿಂದ ನಾದಿನಿಯ ಮನೆಯವರು, ಹುಣಸೂರಿನ ಕಡೆಯಿಂದ ನನ್ನ ತಾಯಿಯ ಮನೆಯವರು ಎಲ್ಲ ಬರುವುದಿತ್ತು. ವ್ಯಾನು ಹೇಳಿಯಾಗಿತ್ತು.

"ಪೂರ್ತಿ ಅಲ್ಲ ಅತ್ತೆ, ಅಂಟಿರೋಷ್ಟನ್ನ ಕತ್ತರಿಸ್ತೀನಿ. ಮಿಕ್ಕಿದ್ದು ಬೇಕಾದಷ್ಟಿದೆ," ಎಂದೆ.

"ಎಂಜಲು ಮಾಡಿ ಮಿಕ್ಕಿದ್ದ ದೇವ್ರಿಗೆ ಕೊಟ್ಟಂಗಾಯ್ತದೆ."

"ಹಾಗಾದ್ರೆ ಹೀಗೇ ಇರಲಿ. ಅಲ್ಲಿ ಬೋಳಿಸ್ತಾರಲ್ಲ, ಒಟ್ಟಿಗೇ ಹೋಗ್ತದೆ."

"ಇಂಗೇ ಎಂಗೆ ಒತ್ಕೊಂಡೋಗದು? ಅದು ಮರವಜ್ರ. ಚರ್ಮ ಮೂಳೆ ಬೇಯ್ಸಿ ಮಾಡದು. ಅದ ಮಾದಪ್ಪನ ಮುಂದಕ್ಕೆ ಇಡ್ಕೊಂಡು ಓಗನಾ?"

ಹಿಂದೆ ಬಡಗಿಗಳು ಮರಕ್ಕೆ ಮರ ಅಂಟಿಸಲು ಚರ್ಮ ಬೇಯಿಸಿ ಮಾಡಿದ ಗಟ್ಟಿಯನ್ನು ನೀರಲ್ಲಿ ಕುದಿಸಿ ಬಳಸುತ್ತಿದ್ದರು. ಅದೇ ಮರವಜ್ರ. ಅತ್ತೆಯ ಲೆಕ್ಕದಲ್ಲಿ ಲೋಕದ ಅಂಟೆಲ್ಲ ಮರವಜ್ರವೇ. ಮಾಂಸ ಕಂಡ ಪಾತ್ರೆಯನ್ನು ಮನೆಯೊಳಗೆ ತಾರದ ಮನೆತನ ನಮ್ಮದು. ಇದು ಕಾರ್ಖಾನೆಯ ಕೆಮಿಕಲ್ಲು, ಇದರಲ್ಲಿ ಮೂಳೆಯೂ ಇಲ್ಲ ಚರ್ಮವೂ ಇಲ್ಲ ಎಂದು ಟ್ಯೂಬು ಹಿಡಿದು ತೋರಿಸಿದೆ. ಅತ್ತೆ ಟ್ಯೂಬಿನ ಕಡೆ ಕಣ್ಣೆತ್ತಿಯೂ ನೋಡಲಿಲ್ಲ. ಅಂದರೆ ಕತ್ತರಿಸುವ ಹಾಗಿಲ್ಲ, ಬಿಡುವ ಹಾಗೂ ಇಲ್ಲ. ಹಸಿಯಾಗಿದ್ದರೆ ಒರೆಸಬಹುದಿತ್ತು. ಒಣಗಿ ಕಟ್ಟಿಗೆಯಾಗಿತ್ತು.

ನಮ್ಮ ಜಗಳಕ್ಕೆ ಮಗಳು ಎದ್ದಳು. ಎದ್ದವಳೇ ತಲೆ ತಿರುಗಿಸಲು ಹೋಗಿ, ಕತ್ತಿನ ಹತ್ತಿರ ಚರ್ಮ ಎಳೆದು ಚೀರಿದಳು. ಯಾಕೆ ಹೀಗೆ ಮಾಡಿದೆ ಎಂದು ನಾನು ಭುಜ ಹಿಡಿದು ಅಲ್ಲಾಡಿಸಿ ಕೇಳಿದೆ. ಮತ್ತೆ ಜೋರಾಗಿ ಕೇಳಿದೆ. ತುಟಿ ಬಿಗಿಹಿಡಿದು ನೆಲ ನೋಡಿದಳು. ಬಾಯಿಗೂ ಗಮ್ಮು ಹಾಕಿಕೊಂಡಿದ್ದೀಯೇನೇ ಎಂದು ಬೈದೆ.

ಮಗಳನ್ನು ಬಚ್ಚಲಿಗೆ ಕರೆದುಕೊಂಡು ಹೋದೆ, ಆಮೇಲೆ ಶುರುವಾಯಿತು ಮನೆಮಂದಿಯ ವೈದ್ಯ. ಮಾವ ಗದ್ದೆಯಿಂದ ಬಂದವರು ವಿಷಯ ಕೇಳಿ ಅಟ್ಟಕ್ಕೆ ಕೈಹಾಕಿ ಕಬ್ಬಿಣದ ಗೇಟಿಗೆ ಬಣ್ಣ ಹೊಡೆದಾಗ ಮಿಕ್ಕಿದ್ದ ಥಿನ್ನರ್ ಡಬ್ಬಿ ಇಳಿಸಿದರು. ಮುಚ್ಚಳ ತೆಗೆದರೆ ಮೂಗು ಉರಿಯುವ ವಾಸನೆ. ಅತ್ತೆಗೆ ಸೀಮೆಎಣ್ಣೆಯ ಮೇಲೆ ನಂಬಿಕೆ. ಹಳೆಯ ದೀಪದ ಬುಂಡೆಯಲ್ಲಿ ತಳದಲ್ಲಿ ಒಂದಿಷ್ಟಿತ್ತು. ಪಕ್ಕದಲ್ಲೇ ನೀರು ಕಾಯಿಸುವ ಸೌದೆ ಒಲೆ ಧಗಧಗ ಉರಿಯುತ್ತಿತ್ತು. ಇಬ್ಬರೂ ಎರಡು ಕಡೆಯಿಂದ ನನ್ನ ಮಗುವಿನ ತಲೆಗೆ ಬರುವುದನ್ನು ನೋಡಿ ನನಗೆ ತಲೆ ಕೆಟ್ಟಿತು.

"ಒಲೆ ಉರೀತಾ ಇದೆ. ಮಗೂನ ಸುಡ್ಬೇಕು ಅಂತ ಇದ್ದೀರಾ? ಇಬ್ಬರೂ ಅದನ್ನ ಆಚೆ ಇಟ್ಟು ಬನ್ನಿ," ಎಂದು ಕೂಗಿದೆ.

ಮಾವನ ಎದುರು ನಾನು ಅಷ್ಟು ಜೋರಾಗಿ ಮಾತಾಡಿದ್ದು ಅದೇ ಮೊದಲು. ಅವರು ಡಬ್ಬಿ ಹಿಡಿದುಕೊಂಡು ಹಿತ್ತಲಿಗೆ ಹೋದರು.

ಗಂಡನಿಗೆ ಫೋನು ಮಾಡಿದೆ. ಹಿಂದೆ ಮೋಟರಿನ ಸದ್ದು. "ಬೈಕಿಂದ ಒಂಚೂರು ಪೆಟ್ರೋಲ್ ತಗುದು ಉಜ್ಜು. ಎಂಥ ಗ್ರೀಸಾದ್ರೂ ಬಿಟ್ಕೊಂಡು ಬತ್ತದೆ," ಎಂದ.

"ನಿಮ್ಮ ಮಗಳು ಮೋಟರಲ್ಲ ಕಣ್ರೀ," ಎಂದು ಇಟ್ಟುಬಿಟ್ಟೆ.

ಮೊಬೈಲಿನಲ್ಲಿ ಹುಡುಕಿದರೆ ಒಬ್ಬ ಹೆಂಗಸು, ರೇಷ್ಮೆ ಲಡಿಯಂಥ ಕೂದಲು, ತುದಿಯಲ್ಲಿ ಸಾಸಿವೆ ಕಾಳಿನಷ್ಟು ಅಂಟು. ಏನೋ ಒರೆಸಿದಳು, ನಕ್ಕಳು, ಮುಗಿಯಿತು. ನನಗೆ ಅವಳ ಮೇಲೆ ವಿನಾಕಾರಣ ಸಿಟ್ಟು ಬಂತು. ಆದರೂ ಅವಳು ಹೇಳಿದ್ದರಲ್ಲಿ ಒಂದು ತಿಳಿಯಿತು: ಉಗುರಿನ ಬಣ್ಣ ತೆಗೆಯುವ ರಿಮೂವರ್ ಇಂಥ ಗಮ್ಮನ್ನು ಸಡಿಲ ಮಾಡುತ್ತದೆ, ಆದರೆ ನೆತ್ತಿಗೆ, ಕಣ್ಣಿಗೆ ತಾಗಬಾರದು, ಬೆಂಕಿಯ ಹತ್ತಿರ ಇರಬಾರದು, ಗಾಳಿಯಾಡುವ ಕಡೆ ಕೂರಬೇಕು.

ರಿಮೂವರ್ ನನ್ನ ಹತ್ತಿರ ಇತ್ತು. ಮಗಳನ್ನು ಎತ್ತಿಕೊಂಡು ಜಗಲಿಗೆ ಬಂದೆ. ಒಲೆಗೂ ನಮಗೂ ಮಧ್ಯೆ ಎರಡು ಗೋಡೆ. ಮೊದಲು ಗಮ್ಮು ಅಂಟಿದ್ದ ಒಂದು ಬಟ್ಟೆಯ ಚೂರಿಗೆ ಹಾಕಿ ನೋಡಿದೆ, ಮೆತ್ತಗಾಯಿತು. ಆಮೇಲೆ ಕೂದಲಿನ ಕೆಳತುದಿಯ ಒಂದು ಎಳೆಯನ್ನು ದೂರ ಹಿಡಿದು ಹತ್ತಿಯನ್ನು ಅದ್ದಿ ಒತ್ತಿದೆ. ಸ್ವಲ್ಪ ಹೊತ್ತಿಗೆ ಗಮ್ಮು ಬಿಳಿಚಿಕೊಂಡು ಎರಡು ಕಲ್ಲು ಉದುರಿದವು. ಗೆದ್ದೆ ಎಂದುಕೊಂಡೆ. ಆದರೆ ಆ ಎಳೆ ಒಣಹುಲ್ಲಿನ ಹಾಗೆ ಪೆಡಸಾಯಿತು, ಮಗಳ ಕಣ್ಣಲ್ಲಿ ನೀರು ಬಂತು, ಉಸಿರಿಗೆ ಕೆಮ್ಮಿದಳು. ಕೆಮ್ಮಿದ ತಕ್ಷಣ ನನಗೆ ಬೇರೆಯೇ ನೆನಪಾಯಿತು. ಹುಟ್ಟಿದಾಗಿನ ಆ ಉಸಿರು. ಸೀಸೆಯ ಮುಚ್ಚಳ ಬಿಗಿದು ಸೂರಿನ ಮೇಲೆ ಎತ್ತಿಟ್ಟೆ. ನೆತ್ತಿಯ ಹತ್ತಿರಕ್ಕೆ ಇದನ್ನು ಒಯ್ಯುವ ಮಾತೇ ಇಲ್ಲ.

ಕೊನೆಗೆ ಹುಣಸೂರಿನ ಗಾವಡಗೆರೆ ಕಡೆಯ ನನ್ನ ತವರಿಗೆ ಫೋನು ಮಾಡಿದೆ. ಮೊದಲೇ ಮಾಡಬೇಕಿತ್ತು. ನಮ್ಮದು ಹೊಗೆಸೊಪ್ಪಿನ ಊರು. ಸೊಪ್ಪು ಮುರಿಯುವ ಕಾಲದಲ್ಲಿ ಹೆಂಗಸರ ಕೈಗೆ, ತಲೆಗೆ ಕಪ್ಪಗೆ ಅಂಟು ಕಟ್ಟುತ್ತದೆ. ಬರೀ ಸೋಪಿಗೆ ಜಗ್ಗುವುದಿಲ್ಲ. ನಾನು ಶಾಲೆಗೆ ಹೋಗುವಾಗ ಅವ್ವನ ಕೈ ಹಿಡಿದರೆ ನನ್ನ ಕೈಯೂ ಅಂಟುತ್ತಿತ್ತು.

"ಎಳೀಬ್ಯಾಡ," ಎಂದಳು ಅವ್ವ, ಪೂರ್ತಿ ಕೇಳುವ ಮೊದಲೇ. "ಬಿಸಿ ಮಾಡಿದ ಕೊಬ್ರಿಎಣ್ಣೆ ಆಕು. ಕೈ ತಡ್ಕೊಳೋ ಅಷ್ಟೇ ಬಿಸಿ. ಚೆನ್ನಾಗಿ ನೆನೀಲಿ. ತುದೀಯಿಂದ ಮೇಲಕ್ಕೆ ಬಿಡ್ಸು, ಬುಡದಿಂದ ಕೆಳಕ್ಕಲ್ಲ. ಬಾಚಣ್ಗೆ ಮುಟ್ಬ್ಯಾಡ, ಬೆರ್ಳಲ್ಲೇ ಬುಡ್ಸು. ಬರ್ನಿಲ್ಲ ಅಂದ್ರೆ ಮತ್ತೆ ಎಣ್ಣೆ."

"ಎಷ್ಟು ಹೊತ್ತು ನೆನೀಬೇಕವ್ವ?"

"ನಿಂಗೆ ಸಾಕು ಅನ್ನಿಸ್ದ ಮೇಲೆ ಇನ್ನೂ ಅಷ್ಟೊತ್ತು," ಎಂದಳು. ನನ್ನನ್ನು ಹೆತ್ತವಳಿಗೆ ನಾನು ಗೊತ್ತಿಲ್ಲವೇ.

ಎಣ್ಣೆ ಹಾಕಿದೆ. ಹಲಗೆಯಾಗಿದ್ದ ಕೂದಲಿನ ಮೇಲೆ, ಕೆಳಗೆ, ಬೆರಳು ಹೋಗುವ ಸಂದಿಯಲ್ಲೆಲ್ಲ ತುಂಬಿಸಿ ಹಳೆಯ ಹತ್ತಿ ಸೀರೆಯ ತುಂಡು ಸುತ್ತಿದೆ. ಈಗ ಕಾಯಬೇಕು. ಕಾಯುವುದು ಅಂದರೆ ನನಗೆ ಮೈಮೇಲೆ ಇರುವೆ ಬಿಟ್ಟ ಹಾಗೆ. ಮಿಷನ್ನಿಗೆ ಹೋದೆ, ಪಿರಿಯಾಪಟ್ಟಣದ ಬ್ಲೌಸಿನ ತೋಳನ್ನು ಒಳಮೈ ಹೊರಗಾಗಿ ಹೊಲಿದೆ, ಬಿಚ್ಚಿದೆ. ವಾಪಸು ಬಂದು ಬಟ್ಟೆ ಎತ್ತಿ ಬೆರಳಾಡಿಸಿದೆ; ಇನ್ನೂ ಗಟ್ಟಿ. ಅಂಗಳಕ್ಕೆ ಇಳಿದೆ. ಅಂಗಳದಲ್ಲಿ ಏನೂ ಕೆಲಸವಿರಲಿಲ್ಲ, ಹತ್ತಿದೆ. ಮತ್ತೆ ಬಟ್ಟೆ ಎತ್ತಲು ಹೋದಾಗ ಅತ್ತೆ ನನ್ನ ಕೈಮೇಲೆ ಒಂದೇಟು ಹಾಕಿದರು.

"ಅನ್ನದ ಪಾತ್ರೆ ಮುಚ್ಚಳ ಪದೇಪದೇ ತಗುದ್ರೆ ಬೇಯ್ತದಾ? ಕೂತ್ಕೊ."

"ಬ್ಲೌಸು ಯಾರು ಹೊಲಿಯೋದು ಅತ್ತೆ? ನಾಳೆ ಬರ್ತಾರೆ."

"ಬರ್ಲಿ ಬುಡು. ಮದ್ವೆ ಎಣ್ಣು ಬ್ಲೌಸಿಲ್ದೆ ಓಡೋಗಾಕಿಲ್ಲ."

ಕೂತೆ. ಮಗಳು ನಮ್ಮಿಬ್ಬರ ಮಧ್ಯೆ, ತಲೆಗೆ ಎಣ್ಣೆಬಟ್ಟೆ ಸುತ್ತಿಕೊಂಡು, ಅವರೆಕಾಳು ಜೋಡಿಸಿ ಆಡುತ್ತಿದ್ದಳು. ನನಗೆ ಬ್ಲೌಸಿನ ಚಿಂತೆ, ಅತ್ತೆಗೆ ಹರಕೆಯ ಚಿಂತೆ. ಅವರ ಬಾಯಿ ಏನೋ ಗೊಣಗುತ್ತಿತ್ತು. ಸರಿಯಾಗಿ ಕಿವಿಗೊಟ್ಟರೆ ಅದು ಗೊಣಗಲ್ಲ, ಮಾದಪ್ಪನ ಜೊತೆ ಮಾತು. ತಪ್ಪಾಯಿತು, ಹೊಟ್ಟೆಗೆ ಹಾಕಿಕೋ, ಮಗಾ ಮಾಡಿದ್ದು, ನನ್ನ ಮೇಲೆ ಬರಲಿ, ಅವಳ ಮೇಲೆ ಬೇಡ. ಆಗ ನನಗೆ ತಿಳಿಯಿತು, ಈಕೆಗೆ ಕೂದಲು ಕೆಟ್ಟದ್ದರ ಸಂಕಟವಲ್ಲ. ಕೊಟ್ಟ ಮಾತು ತಪ್ಪಿದರೆ, ಆವತ್ತು ಗಾಜಿನ ಪೆಟ್ಟಿಗೆಯಿಂದ ಪಡೆದದ್ದನ್ನು ವಾಪಸು ಕೇಳಿಯಾನು ಎಂಬ ಹೆದರಿಕೆ. ಇಷ್ಟು ವರ್ಷ ಈಕೆ ಈ ಹೆದರಿಕೆಯನ್ನು ನನಗೆ ಹೇಳದೆ ಒಬ್ಬರೇ ಹೊತ್ತಿದ್ದರು. ಇನ್ನು ಗಮ್ಮನ್ನು ಬಿಡಿಸದೆ ಮೇಲೇಳುವುದಿಲ್ಲ ಎಂದುಕೊಂಡೆ.

ಬಟ್ಟೆ ಬಿಚ್ಚಿದಾಗ ಗಮ್ಮು ಕರಗಿರಲಿಲ್ಲ. ಕರಗುವ ವಸ್ತುವೇ ಅಲ್ಲ ಅದು. ಆದರೆ ಎಣ್ಣೆ ಅದರ ಕೆಳಗೆ ನುಗ್ಗಿತ್ತು. ಬೆರಳುಗಳ ನಡುವೆ ಹಿಡಿದು ಮೆಲ್ಲಗೆ ಹೊಸಕಿದರೆ ಚರ್ಮ ಸುಲಿದ ಹಾಗೆ ಸಣ್ಣ ಸಣ್ಣ ಚೂರಾಗಿ ಜಾರುತ್ತಿತ್ತು. ತುದಿಯ ಕಡೆಯಿಂದ ನಾನು ಒಂದು ಪಕ್ಕ, ಅತ್ತೆ ಒಂದು ಪಕ್ಕ ಕೂತೆವು. ಒಂದು ಕೈಯಲ್ಲಿ ಕೂದಲಿನ ಬುಡ ಬಿಗಿಯಾಗಿ ಹಿಡಿಯುವುದು, ಎಳೆತ ನೆತ್ತಿಗೆ ಹೋಗದ ಹಾಗೆ. ಇನ್ನೊಂದು ಕೈಯಲ್ಲಿ ಚೂರು ಜಾರಿಸುವುದು. ಒಂದು ಕಲ್ಲು ಬಿದ್ದರೆ ಮಗಳು ಅದನ್ನು ಎತ್ತಿ ತಟ್ಟೆಗೆ ಹಾಕುತ್ತಿದ್ದಳು. ನನಗೆ ಬೆರಳಿನ ತುದಿ ನೋಯತೊಡಗಿತು. ಎಷ್ಟೋ ಸಲ ಜೋರಾಗಿ ಎಳೆಯುವ ಆಸೆ ಬಂತು. ಎಳೆದರೆ ಮಗಳ ಭುಜ ಮೇಲೇಳುತ್ತಿತ್ತು, ನಾನು ಹಲ್ಲು ಕಚ್ಚಿ ಕೈ ಸಡಿಲಿಸುತ್ತಿದ್ದೆ.

ಸಡಿಲಾದಷ್ಟನ್ನು ಬೆಚ್ಚಗಿನ ನೀರಿನಲ್ಲಿ ಶಾಂಪೂ ಹಾಕಿ ತೊಳೆದೆ. ಅತ್ತೆ ಸೀಗೆಪುಡಿ ಎಂದರು. ಅದನ್ನೂ ಹಾಕಿದೆ, ಆ ಹೊತ್ತಿಗೆ ನನಗೆ ಯಾರ ಜೊತೆಯೂ ವಾದ ಮಾಡುವ ಶಕ್ತಿ ಇರಲಿಲ್ಲ. ತೊಳೆದು ಒರೆಸಿ ಮತ್ತೆ ಎಣ್ಣೆ, ಮತ್ತೆ ಬೆರಳು. ಬಿಸಿಲು ಜಗಲಿಯಿಂದ ಇಳಿದು ಅಂಗಳಕ್ಕೆ ಹೋಯಿತು. ಕೆಳಗಿನ ಕೂದಲೆಲ್ಲ ಬಿಡಿಯಾಯಿತು. ಉಳಿದದ್ದು ಕತ್ತಿನ ಹತ್ತಿರದ ಗಂಟು, ಚರ್ಮಕ್ಕೆ ಅಂಟಿಕೊಂಡದ್ದು.

ಅದು ಬರಲಿಲ್ಲ. ಎಣ್ಣೆ ಹೋಗಲು ಸಂದಿಯೇ ಇರಲಿಲ್ಲ. ಚರ್ಮ ಕೆಂಪಾಗಿತ್ತು. ಮುಟ್ಟಿದರೆ ಮಗಳು ಅಳುತ್ತಿದ್ದಳು. ಅತ್ತೆ ಬತ್ತಿಯನ್ನು ಎಣ್ಣೆಯಲ್ಲಿ ಅದ್ದಿ ಹನಿ ಹನಿಯಾಗಿ ಬಿಟ್ಟರು, ನಾನು ಊದಿದೆ. ಒಂದು ಸಲ ನನ್ನ ಬೆರಳು ಜಾರಿ ಚರ್ಮ ಎಳೆಯಿತು. ಮಗಳು ಅತ್ತ ಅಳುವಿಗೆ ಮಾವ ಹಿತ್ತಲಿಂದ ಓಡಿ ಬಂದರು. ಬಿಕ್ಕಿ ಬಿಕ್ಕಿ ಅಳುತ್ತ ಉಸಿರು ಸಿಕ್ಕಿಕೊಂಡು ಒಂದು ಗಳಿಗೆ ಸದ್ದೇ ಹೊರಡಲಿಲ್ಲ. ಆಮೇಲೆ ಹೊರಟಿತು.

ಅತ್ತೆ ಎದ್ದು ಒಳಗೆ ಹೋದರು. ಬಂದಾಗ ಕೈಯಲ್ಲಿ ನನ್ನ ಕತ್ತರಿ ಇತ್ತು.

"ತಗೊ," ಎಂದರು. "ಕತ್ರುಸ್ಬುಡು."

ನಾನು ಕತ್ತರಿ ತೆಗೆದುಕೊಂಡೆ.

"ಮಾದಪ್ಪಂಗೆ ನಾನೇಳ್ಕೊತೀನಿ. ಅವ್ಳ ಬದ್ಲು ನನ್ ತಲೆ ಬೋಳಿಸ್ಕೊತೀನಿ ಅಂತೀನಿ. ಕೂಸ ಅಳ್ಸದು ಬ್ಯಾಡ. ಕತ್ರುಸಮ್ಮಿ."

ಮಧ್ಯಾಹ್ನದಿಂದ ನಾನು ಬಯಸಿದ್ದ ಮಾತು. ಕತ್ತರಿ ನನ್ನ ಕೈಯಲ್ಲಿತ್ತು. ಅದರ ಹಿಡಿ ನನ್ನ ಹೆಬ್ಬೆರಳಿನ ಅಳತೆಗೆ ಸವೆದದ್ದು. ಆದರೆ ಕೈ ಮುಂದೆ ಹೋಗಲಿಲ್ಲ. ಮುತ್ತೈದೆ ಹೆಂಗಸು, ಈ ವಯಸ್ಸಿಗೂ ತುಂಬು ತುರುಬು. ಹೂವಿಲ್ಲದೆ ಒಂದು ದಿನವೂ ಇದ್ದವರಲ್ಲ. ಆ ತಲೆ ಕೊಡುತ್ತೇನೆ ಎನ್ನುತ್ತಿದ್ದಾರೆ. ನನಗೆ ಅವರ ಮೇಲೆ ಪ್ರೀತಿಯೂ ಸಿಟ್ಟೂ ಒಟ್ಟಿಗೇ ಬಂದವು.

ಆಗ ಮಗಳು ಎರಡೂ ಕೈಯಲ್ಲಿ ಕತ್ತು ಮುಚ್ಚಿಕೊಂಡು ಗೋಡೆಗೆ ಒರಗಿದಳು. "ಬ್ಯಾಡ ಅಜ್ಜಿ," ಎಂದಳು. "ಕತ್ರುಸ್ಬ್ಯಾಡ. ಅದು ಮಾದಪ್ಪಂದು."

"ಮಾದಪ್ಪಂದು ಅಂತ ಗೊತ್ತಿದ್ದು ಮತ್ಯಾಕೆ ಗಮ್ ಹಾಕ್ಕೊಂಡೆ?" ಎಂದೆ. ಈ ಸಲ ನನ್ನ ದನಿ ತಗ್ಗಿತ್ತು. ಬಹುಶಃ ಅದಕ್ಕೇ ಹೇಳಿದಳು.

"ದೇವ್ರಿಗೆ ಬರಿದು ಕೊಡ್ಬಾರ್ದು ಅಂತ ಅಜ್ಜಿ ಏಳಿತ್ತು. ಬಾಳೆಹಣ್ಗೂ ಕುಂಕುಮ ಇಕ್ತದೆ, ತಟ್ಟೆಗೂ ಹೂವ ಇಕ್ತದೆ. ನನ್ ಕೂದ್ಲಲ್ಲಿ ಏನೂ ಇರ್ನಿಲ್ಲ. ಅದ್ಕೆ ಕಲ್ಲು ಇಕ್ಕಿದೆ. ಹಸ್ರುದು ಚೆನ್ನಾಗದೆ ಅಂತ."

ಹರಕೆ ಹೊತ್ತವರು ಅತ್ತೆ. ಗೊಣಗಿದವಳು ನಾನು. ವ್ಯಾನು ಹೇಳಿದವನು ಅವಳಪ್ಪ. ತಲೆ ಮಾತ್ರ ಅವಳದು. ಕೊಡುತ್ತೀಯಾ ಮಗಳೇ ಎಂದು ಈ ಐದು ವರ್ಷದಲ್ಲಿ ನಾವು ಯಾರೂ ಅವಳನ್ನು ಕೇಳಿರಲಿಲ್ಲ. ಅವಳು ಯಾರೂ ಕೇಳದೆಯೇ ಕೊಡಲು ತಯಾರಾಗಿದ್ದಳು, ಅದೂ ಮನೆಯಲ್ಲಿ ತನಗೆ ಕಂಡದ್ದರಲ್ಲಿ ಚೆಂದದ್ದನ್ನು ಹುಡುಕಿ. ಅವಳನ್ನು ನಾನು ಭುಜ ಹಿಡಿದು ಅಲ್ಲಾಡಿಸಿದ್ದೆ.

ಕತ್ತರಿಯನ್ನು ಮಾವನ ಕೈಗೆ ಕೊಟ್ಟು ಒಳಗಿಡಲು ಹೇಳಿದೆ. ಮಗಳನ್ನು ತೊಡೆಯ ಮೇಲೆ ಬೋರಲು ಮಲಗಿಸಿಕೊಂಡೆ. ಬಿಸಿನೀರಿನ ಬಟ್ಟೆ ಹಿಂಡಿ ಕತ್ತಿನ ಮೇಲೆ ಇಟ್ಟೆ, ತೆಗೆದೆ, ಎಣ್ಣೆ ಬಿಟ್ಟೆ, ಮತ್ತೆ ಬಿಸಿಬಟ್ಟೆ. ಅತ್ತೆ ಅವಳ ಬೆನ್ನು ಸವರುತ್ತ ಬೆಟ್ಟದ ದಾರಿಯಲ್ಲಿ ಏನೇನು ಸಿಗುತ್ತದೆ ಎಂದು ಹೇಳುತ್ತ ಹೋದರು. ಕೋತಿ, ಕಬ್ಬಿನ ಹಾಲು, ಆನೆ ಸಿಕ್ಕರೂ ಸಿಗಬಹುದು. ಅಳು ನಿಂತಿತು. ಕತ್ತು ಬಿಗಿ ಹಿಡಿಯುವುದನ್ನು ಅವಳು ಬಿಟ್ಟಳು, ಚರ್ಮ ಸಡಿಲಾಯಿತು. ದೀಪ ಹಚ್ಚುವ ಹೊತ್ತಿಗೆ ಆ ಗಂಟಿನ ಒಂದು ಅಂಚು ಎದ್ದಿತು. ಆ ಅಂಚಿನ ಕೆಳಗೆ ಎಣ್ಣೆ ಹೋಯಿತು. ಆಮೇಲೆ ಅದು ಹಳೇ ಗಾಯದ ಹಕ್ಕಳೆ ಬಿಟ್ಟ ಹಾಗೆ ತಾನಾಗಿ ಬಿಟ್ಟುಕೊಂಡಿತು. ನಾಲ್ಕಾರು ಕೂದಲು ಅದರ ಜೊತೆ ಬಂದವು. ಅತ್ತೆ ಅವನ್ನು ಎತ್ತಿ ಅರಿಶಿನದ ಬಟ್ಟೆಯಲ್ಲಿ ಕಟ್ಟಿಟ್ಟರು. ಕೆಂಪಾಗಿದ್ದ ಚರ್ಮಕ್ಕೆ ಏನೂ ಹಚ್ಚದೆ ಗಾಳಿಗೆ ಬಿಟ್ಟೆ.

ತಲೆ ಪೂರ್ತಿ ತೊಳೆದು, ಒರೆಸಿ, ದೊಡ್ಡ ಹಲ್ಲಿನ ಬಾಚಣಿಗೆಯಲ್ಲಿ ತುದಿಯಿಂದ ಬಾಚಿದೆ. ಎಲ್ಲ ಬಿಡಿಯಾಗಿತ್ತು. ಎಡಗಡೆಯ ಒಂದು ಎಳೆಯ ತುದಿಯಲ್ಲಿ ಮಾತ್ರ, ಸೊಂಟದ ಹತ್ತಿರ, ಒಂದಿಷ್ಟು ಹಸಿರು ಕಲ್ಲು ಉಳಿದಿದ್ದವು. ಅಲ್ಲಿ ನೋವಿರಲಿಲ್ಲ, ಎಳೆತವಿರಲಿಲ್ಲ. ಬೆರಳು ಸೋತಿದ್ದರೂ ಅದೊಂದನ್ನು ಮುಗಿಸಿಬಿಡೋಣ ಎಂದು ಎಣ್ಣೆಯ ಬಟ್ಟಲು ಎಳೆದುಕೊಂಡೆ.

ಅತ್ತೆ ನನ್ನ ಮಣಿಕಟ್ಟು ಹಿಡಿದರು. "ಬುಡು. ಅದು ಅಲ್ಲೇ ಇರ್ಲಿ."

"ಮರವಜ್ರ ಅಂದ್ರಲ್ಲ ಅತ್ತೆ?"

"ಅಂದೆ," ಎಂದರು. ಆ ಕಲ್ಲುಗಳನ್ನು ಅಂಗೈಯಲ್ಲಿ ಇಟ್ಟುಕೊಂಡು ನೋಡಿದರು. "ಮಿಕ್ಕಿದ್ದೆಲ್ಲ ನಾನು ಒತ್ಕೊಂಡಿದ್ದ ಹರಕೆ ಕಣಮ್ಮಿ. ಇದೊಂದು ಅವ್ಳು ಕೊಡದು."

ಮಗಳು ಆ ಎಳೆಯನ್ನು ಭುಜದ ಮೇಲಿಂದ ಮುಂದಕ್ಕೆ ಎಳೆದುಕೊಂಡಳು. ಅಜ್ಜಿಯ ಮುಖದ ಹತ್ತಿರಕ್ಕೆ ಹಿಡಿದು, "ಚೆಂದಾಗದಾ ಅಜ್ಜಿ?" ಎಂದು ಕೇಳಿದಳು. ಅತ್ತೆ ಆ ಎಳೆಯನ್ನು ಕಣ್ಣಿಗೊತ್ತಿಕೊಂಡರು. ಚೆಂದಾಗದೆ ಎಂದು ನಾನೇ ಹೇಳಿದೆ.